ಬಾಯಿಪಾಠದ ಕಡಲು

ಸಂಜೆ ಆರಕ್ಕೆ ನಾನು ಕಡಲನ್ನು ಹಚ್ಚುತ್ತೇನೆ,
ದೀಪ ಹಚ್ಚಿದ ಹಾಗೆಯೇ, ಒಂದು ಗುಂಡಿ.
ರಜೆ ಕೇಳಿದರೆ, ಕಡಲಿಗೆಲ್ಲಿ ರಜೆ ಎನ್ನುತ್ತಾರೆ ಕಚೇರಿಯವರು.
ಮೊದಲು ಪಂಪು ರಿಪೇರಿ ಮಾಡುತ್ತಿದ್ದೆ.
ನೀರೇ ಇಲ್ಲದ ಊರಲ್ಲಿ ಅದೂ ಒಂದು ಕಸುಬು.

ಮೊಯ್ನಾಕಿನ ದಿಬ್ಬದ ಕೆಳಗೆ, ತುಕ್ಕು ಹಿಡಿದ ಹಡಗುಗಳೂ
ಪುಡಿಯಾಗಿ ಹೋದಮೇಲೆ ಉಳಿದ ಬಯಲು.
ಮರಳೊಳಗೆ ಹೂತ ನಾಲ್ಕು ಸಾವಿರ ತಟ್ಟೆಗಳು,
ಒಂದೊಂದೂ ರೊಟ್ಟಿಯಷ್ಟು ಅಗಲ.
ಕಾಣುವುದು ಏನೂ ಇಲ್ಲ.
ಸಕ್ಸಾವುಲ್ ಪೊದೆ, ಉಪ್ಪು, ಒಂಟೆಯ ಹಿಕ್ಕೆ.
ಗುಂಡಿ ಒತ್ತಿದರೆ
ಗಾಳಿಯಲ್ಲೊಂದು ಗೆರೆ ಏಳುತ್ತದೆ.
ಗೆರೆಯ ಈಚೆ ಬಯಲು, ಒಂದು ಹೆಜ್ಜೆ ಆಚೆ ಅಲೆ.
ಮತ್ತೊಂದು ಹೆಜ್ಜೆಗೆ ಮೊಣಕಾಲು, ಮತ್ತೆ ಸೊಂಟ,
ಆಮೇಲೆ ಕಿವಿ ಮುಳುಗಿ
ಲೋಕವೆಲ್ಲ ಗೋಡೆಯಾಚೆಯ ಮಾತಿನಂತೆ ಮಂದ.

ಕಟ್ಟಿದವಳು ಅರೂಖಾನ್. ನೂಕುಸಿನ ಹುಡುಗಿ,
ಎಡಗೈಯಲ್ಲಿ ಬರೆಯುವವಳು,
ಚಹಾಕ್ಕೆ ಎಣಿಸದೆ ಸಕ್ಕರೆ ಸುರಿಯುವವಳು.
ಮೂರು ವರ್ಷ ಹುಡುಕಿದಳಂತೆ ನಮ್ಮ ಕಡಲಿನ ದನಿ.
ಚಿತ್ರಗಳು ಸಿಕ್ಕವು, ಮೀನಿನ ಡಬ್ಬಿಯ ಚೀಟಿಗಳು ಸಿಕ್ಕವು,
ಹಿಡಿದ ಮೀನಿನ ಲೆಕ್ಕ ಟನ್ನುಗಳಲ್ಲಿ ಸಿಕ್ಕಿತು.
ದನಿಯನ್ನು ಯಾರೂ ಇಟ್ಟಿರಲಿಲ್ಲ.
ಇರುವ ಕಡಲನ್ನು ಯಾರು ಕೂಡಿಡುತ್ತಾರೆ?

ಕ್ಯಾಸ್ಪಿಯನ್ನಿನದು ತಂದು ಹಾಕಿ ಎಂದರು ಅಧಿಕಾರಿಗಳು,
ಎಲ್ಲ ನೀರೂ ನೀರೇ ತಾನೆ.
ಬೇರೆಯವರ ತಾಯಿಯ ಕೆಮ್ಮು ತಂದು
ನಿಮ್ಮ ಮನೆಯ ಒಳಕೋಣೆಯಲ್ಲಿ ಇಡುತ್ತೀರಾ, ಎಂದಳು.

ಮನೆಮನೆಗೆ ಹೋದಳು. ಕಡಲು ಕೇಳಿದವರು
ಯಾರೂ ಬದುಕಿರಲಿಲ್ಲ. ಅವರ ಮಕ್ಕಳೂ ಮಣ್ಣಾಗಿದ್ದರು.
ಬೀಬಿಸಾರಾ ಎಂಬ ಮುದುಕಿ, ಹಲ್ಲಿಲ್ಲದ ಬಾಯಿ,
ನನ್ನಜ್ಜ ನನ್ನನ್ನು ಮಲಗಿಸಲು ಹೀಗೆ ಮಾಡುತ್ತಿದ್ದ ಎಂದು
ತುಟಿ ಮುಂದೆ ಮಾಡಿ ಉಸಿರು ಬಿಟ್ಟಳು:
ಹ್ಶ್... ಶೂ... ಊಂ.
ಕೊನೆಗೊಂದು ಸಣ್ಣ ಲೊಚಕ್.
ಲೊಚಕ್ಕೇಕೆ? ಅವಳಿಗೂ ಗೊತ್ತಿಲ್ಲ.
ಅಲೆ ದೋಣಿಯಡಿ ನುಗ್ಗಿ ಹಿಂದಿರುಗುವ ಸದ್ದೋ,
ಅಜ್ಜನ ಬಾಯಲ್ಲಿ ಸಡಿಲಾಗಿದ್ದ ಹಲ್ಲೋ.

ಇನ್ನೂರ ಹನ್ನೊಂದು ಬಾಯಿಗಳು ಸಿಕ್ಕವು.
ಒಬ್ಬನ ಕಡಲು ಗದರುತ್ತದೆ, ಒಬ್ಬಳದು ಅಕ್ಕಿ ತೊಳೆದ ಹಾಗೆ.
ಮುಂಗೋಪಿ ಸಾರ್ಸೆನ್‌ಬಾಯ್ ಬಾಯಿ ಬಿಡಲೇ ಇಲ್ಲ.
ಎದ್ದು, ಕುರ್ಚಿ ಸರಿಸಿ, ಕದ ಹಾಕಿ ಬಂದು ಕೂತ.
ಕಡಲು ಎಂದರೆ ನಮ್ಮಜ್ಜಿ ಹೀಗೆ ಮಾಡುತ್ತಿದ್ದಳು, ಎಂದ.
ಅದನ್ನೂ ಹಿಡಿದಿಟ್ಟಳು: ಕುರ್ಚಿಯ ಕಿರ್ರು, ಅಗುಳಿ.
ಈಗ ಅದು ನಡುನೀರಿನಲ್ಲಿದೆ. ಹುಡುಕಿ ಹೋಗಬೇಕು.

ಹೀಗೆ, ನಮ್ಮದು ಬಾಯಿಪಾಠದ ಕಡಲು.
ಒಂದಕ್ಷರವೂ ಸರಿಯಿರಲಿಕ್ಕಿಲ್ಲ.
ಬಲ್ಲವರು ಬಂದು ಕೇಳಿ, ಅಲೆಗಳ ನಡುವಿನ ಬಿಡುವು ತಪ್ಪು,
ಇಷ್ಟು ಆಳವಿಲ್ಲದ ನೀರು ಹೀಗೆ ಮೊರೆಯುವುದಿಲ್ಲ ಎಂದರು.
ಇರಬಹುದು. ಮೊರೆತ ಯಾವುದು, ಮೊರೆ ಯಾವುದು
ನನಗೆ ಮೊದಲಿಂದಲೂ ತಿಳಿಯುವುದಿಲ್ಲ.

ಉಪ್ಪು ತಿಂದವನು ನೀರು ಕುಡಿಯಲೇಬೇಕಂತೆ.
ನಾವು ನೂರು ವರ್ಷ ಉಪ್ಪು ತಿಂದೆವು,
ಗಾಳಿಯಲ್ಲಿ, ರೊಟ್ಟಿಯಲ್ಲಿ, ಎದೆಹಾಲಿನಲ್ಲಿ.
ಗಾದೆಯ ಉಳಿದರ್ಧ ಬರಲೇ ಇಲ್ಲ.

ಮೊನ್ನೆ ಒಂಟೆ ಕಾಯುವ ಹುಡುಗ ಗೆರೆಯ ಬಳಿ ನಿಂತು
ಪ್ಯಾಂಟು ಮಡಚಿಕೊಂಡ, ಮೊಣಕಾಲಿನವರೆಗೆ, ಒಂದೊಂದೇ ಸುತ್ತು.
ಯಾರೂ ಹೇಳಿಕೊಟ್ಟದ್ದಲ್ಲ.
ನಗು ಬಂತು. ನೋಡಿಕೊಂಡರೆ
ನನ್ನ ಬೂಟುಗಳೂ ನನ್ನ ಕೈಯಲ್ಲಿದ್ದವು.
ಒಂಟೆ ಮಾತ್ರ ಗೆರೆ ದಾಟಲಿಲ್ಲ.

ಹತ್ತಕ್ಕೆ ಆರಿಸುತ್ತೇನೆ, ನಿಯಮ.
ಬೀಗ ಹಾಕಿ ಮನೆಗೆ ಹೋದರೆ
ಮಗಳ ಮಗು ಇನ್ನೂ ಮಲಗಿರುವುದಿಲ್ಲ.
ಎತ್ತಿಕೊಂಡು, ದೀಪ ಸಣ್ಣದು ಮಾಡಿ,
ತುಟಿ ಮುಂದೆ ಮಾಡುತ್ತೇನೆ: ಹ್ಶ್... ಶೂ... ಊಂ.
ನನ್ನ ಹಲ್ಲುಗಳೆಲ್ಲ ಗಟ್ಟಿಯಾಗಿಯೇ ಇವೆ.
ಆದರೂ ಕೊನೆಗೆ
ಲೊಚಕ್.